ಅಚ್ಚಾಗದ ಕವಿಯ ಪ್ರಭಾವ: ತುರ್ಕಿಯ ನಾಜಿಮ್ ಹಿಕ್ಮೆತ್

ಒಬ್ಬ ಕವಿಯ ಪ್ರಭಾವವನ್ನು ಅಳೆಯಬೇಕಾದಾಗ ನಾವು ಸಾಮಾನ್ಯವಾಗಿ ಕೆಲವು ಗೊತ್ತಾದ ಅಳತೆಗೋಲುಗಳನ್ನು ಹಿಡಿದು ಹೊರಡುತ್ತೇವೆ. ಅವನ ಗ್ರಂಥಗಳು ಎಷ್ಟು ಮುದ್ರಣ ಕಂಡವು, ಪಠ್ಯಪುಸ್ತಕಗಳಲ್ಲಿ ಅವನಿಗೆ ಎಂಥ ಸ್ಥಾನ ದೊರೆಯಿತು, ವಿಮರ್ಶಕರು ಅವನನ್ನು ಕುರಿತು ಏನು ಬರೆದರು ಎಂದು ವಿಚಾರಿಸುತ್ತೇವೆ. ಆಧುನಿಕ ತುರ್ಕಿ ಕಾವ್ಯದ ಪ್ರವರ್ತಕನೆನಿಸಿದ ನಾಜಿಮ್ ಹಿಕ್ಮೆತನ ವಿಷಯದಲ್ಲಿ ಈ ಅಳತೆಗೋಲುಗಳು ಯಾವುವೂ ಉಪಯೋಗಕ್ಕೆ ಬರುವುದಿಲ್ಲ. 1936ರ ತರುವಾಯ ಅವನು ಬದುಕಿರುವವರೆಗೆ, ಅವನ ಹೆಸರನ್ನು ಹೊತ್ತ ಒಂದೇ ಒಂದು ಹೊಸ ಕೃತಿಯೂ ಅವನ ನಾಡಿನಲ್ಲಿ ಗ್ರಂಥರೂಪದಲ್ಲಿ ಹೊರಬರಲಿಲ್ಲ. ಅವನು ತೀರಿಕೊಂಡದ್ದು 1963ರಲ್ಲಿ. ಅಂದರೆ ಪ್ರೌಢ ವಯಸ್ಸಿನ ಇಪ್ಪತ್ತೇಳು ವರ್ಷಗಳ ಕಾಲ ತನ್ನ ಭಾಷೆಯನ್ನಾಡುವ ಜನರ ಕೈಗೆ ಅವನು ಪುಸ್ತಕವಾಗಿ ಸಿಗಲೇ ಇಲ್ಲ. ಹೀಗಿದ್ದೂ ಅವನ ನಂತರದ ತುರ್ಕಿ ಕವಿಗಳು ಅವನಂತೆ ಬರೆದರು, ಇಲ್ಲವೆ ಅವನಂತೆ ಬರೆಯಬಾರದೆಂದು ಬೇರೆ ದಾರಿ ಹಿಡಿದರು. ಅವನನ್ನು ಲೆಕ್ಕಕ್ಕೆ ತೆಗೆದುಕೊಳ್ಳದೆ ಬರೆದವರು ವಿರಳ. ಅಚ್ಚಿನ ನೆರವಿಲ್ಲದೆ ಒಂದು ಕಾವ್ಯ ಹೀಗೆ ಬೇರು ಬಿಡುವುದು ಹೇಗೆ ಸಾಧ್ಯವಾಯಿತು ಎಂಬುದೇ ಈ ಭಾಷಣದ ವಿಷಯ.

ಮೊದಲು ಹಿಕ್ಮೆತ್ ಬರುವ ಮುಂಚಿನ ತುರ್ಕಿ ಕಾವ್ಯದ ಸ್ಥಿತಿಯನ್ನು ಸ್ವಲ್ಪ ತಿಳಿದುಕೊಳ್ಳಬೇಕು. ಆಟೊಮನ್ ಸಾಮ್ರಾಜ್ಯದ ಆರು ಶತಮಾನಗಳಲ್ಲಿ ಅಲ್ಲಿ ಎರಡು ಕಾವ್ಯಧಾರೆಗಳು ಒಂದರ ಪಕ್ಕದಲ್ಲಿ ಒಂದು ಹರಿದುವು. ಒಂದು ಆಸ್ಥಾನದ ಪಂಡಿತರ ದಿವಾನ್ ಕಾವ್ಯ. ಅದರ ಛಂದಸ್ಸು ಅರಬ್ಬರಿಂದ ಪಾರಸಿಕರ ಮೂಲಕ ಬಂದ ಅರೂಜ್. ಇದು ನಮ್ಮ ಅಕ್ಷರವೃತ್ತಗಳಂತೆ ಲಘು ಗುರುಗಳ ವಿನ್ಯಾಸವನ್ನು ಆಧರಿಸಿದ್ದು. ಆದರೆ ಅಚ್ಚ ತುರ್ಕಿ ಪದಗಳಲ್ಲಿ ದೀರ್ಘಸ್ವರ ಸಹಜವಾದುದಲ್ಲ. ಹೀಗಾಗಿ ಕವಿಯಾದವನು ಮನೆಮಾತಿನ ಹ್ರಸ್ವವನ್ನು ಎಳೆದು ದೀರ್ಘ ಮಾಡಬೇಕಾಗಿತ್ತು. ಅದು ಕಿವಿಗೆ ಹಿತವಾಗದಿದ್ದರೆ ಆ ಪದವನ್ನೇ ಕೈಬಿಟ್ಟು ಅರಬ್ಬಿ ಪಾರಸಿ ಪದವೊಂದನ್ನು ತಂದಿರಿಸಬೇಕಾಗಿತ್ತು. ಛಂದಸ್ಸೇ ಭಾಷೆಯನ್ನು ಜನರಿಂದ ದೂರ ಒಯ್ಯುತ್ತಿದ್ದ ಪರಿಸ್ಥಿತಿ ಅದು. ಇನ್ನೊಂದು ಜನಪದದ ಧಾರೆ. ಯೂನುಸ್ ಎಮ್ರೆಯಂಥ ಅನುಭಾವಿಗಳೂ ಊರೂರು ಅಲೆಯುತ್ತಿದ್ದ ಗಾಯಕರೂ ಬಳಸಿದ್ದು ಅಕ್ಷರಗಳ ಎಣಿಕೆಯ ಸರಳವಾದ ಮಟ್ಟು. ಏಳು, ಎಂಟು, ಹನ್ನೊಂದು ಅಕ್ಷರಗಳ ಸಾಲುಗಳು. ಇಪ್ಪತ್ತನೆಯ ಶತಮಾನದ ಮೊದಲಲ್ಲಿ ರಾಷ್ಟ್ರೀಯತೆಯ ಗಾಳಿ ಬೀಸಿದಾಗ ತರುಣ ಕವಿಗಳು ಅರೂಜನ್ನು ಬಿಟ್ಟು ಈ ಜಾನಪದ ಮಟ್ಟಿಗೆ ಹಿಂದಿರುಗಿದರು. ಭಾಷೆ ತಿಳಿಯಾಯಿತು, ನಿಜ. ಆದರೆ ಯುದ್ಧ, ಕ್ಷಾಮ, ಸಾಮ್ರಾಜ್ಯದ ಪತನ ಇವೆಲ್ಲ ಕಣ್ಣೆದುರಿಗೆ ನಡೆಯುತ್ತಿದ್ದ ಕಾಲದ ಹೊರೆಯನ್ನು ಹೊರುವಷ್ಟು ಬಲ ಆ ಪುಟ್ಟ ಸಾಲುಗಳಿಗೆ ಇದೆಯೇ ಎಂಬ ಪ್ರಶ್ನೆ ಹಾಗೆಯೇ ಉಳಿಯಿತು.

ನಾಜಿಮ್ ಹಿಕ್ಮೆತ್ ಹುಟ್ಟಿದ್ದು ಇಂದು ಗ್ರೀಸಿಗೆ ಸೇರಿರುವ, ಆಗ ಆಟೊಮನ್ ಆಡಳಿತದಲ್ಲಿದ್ದ ಸಲೋನಿಕ ನಗರದಲ್ಲಿ. ದಾಖಲೆಯಾಗಿರುವ ವರ್ಷ 1902. ಅವನದು ಅಧಿಕಾರವೂ ಸಂಸ್ಕಾರವೂ ಇದ್ದ ಮನೆತನ. ತಂದೆಯ ತಂದೆ ನಾಜಿಮ್ ಪಾಷಾ ಪ್ರಾಂತಾಧಿಪತಿಯಾಗಿದ್ದವನು, ಮೌಲಾನಾ ರೂಮಿಯ ಪಂಥದ ಅನುಯಾಯಿ, ಸ್ವತಃ ಕವಿ. ತಾಯಿ ಜೆಲೀಲೆ ಚಿತ್ರಕಲಾವಿದೆ. ತಾಯಿಯ ಕಡೆಯ ಪೂರ್ವಜನೊಬ್ಬ ಪೋಲೆಂಡಿನಿಂದ ಬಂದು ಇಸ್ಲಾಂ ಸ್ವೀಕರಿಸಿ ಪಾಷಾ ಪದವಿಗೇರಿದವನು. ಹುಡುಗ ಹೆಯ್ಬೆಲಿ ದ್ವೀಪದ ನೌಕಾಶಾಲೆಯಲ್ಲಿ ಓದಿದ. ಅಲ್ಲಿ ಅವನಿಗೆ ಪಾಠ ಹೇಳಿದವರಲ್ಲಿ ಅರೂಜ್ ಛಂದಸ್ಸಿನ ಕಡೆಯ ಮಹಾಕವಿ ಎನ್ನಿಸಿಕೊಂಡ ಯಾಹ್ಯಾ ಕೆಮಾಲನೂ ಒಬ್ಬ. ಹಳೆಯ ಸಂಪ್ರದಾಯವನ್ನು ಒಡೆಯಲಿದ್ದ ಕವಿಗೆ ಅದು ಮನೆಯಲ್ಲಿಯೂ ಶಾಲೆಯಲ್ಲಿಯೂ ಉತ್ತಮ ರೂಪದಲ್ಲಿ ದೊರೆತಿದ್ದಿತು ಎಂಬುದನ್ನು ನಾವು ಮರೆಯಬಾರದು. ಅವನ ಮೊದಲ ಪದ್ಯಗಳು ಅಕ್ಷರಗಣನೆಯ ಮಟ್ಟಿನಲ್ಲಿಯೇ ಇವೆ.

ಮೊದಲ ಮಹಾಯುದ್ಧದ ಕೊನೆಯಲ್ಲಿ ಇಸ್ತಾನ್‌ಬುಲ್ ಶತ್ರುಸೈನ್ಯದ ವಶವಾಗಿತ್ತು. 1921ರಲ್ಲಿ ಹಿಕ್ಮೆತನೂ ಅವನ ಗೆಳೆಯ ವಾಲಾ ನುರೆದ್ದೀನನೂ ಗುಟ್ಟಾಗಿ ಊರು ಬಿಟ್ಟು, ಮುಸ್ತಫಾ ಕೆಮಾಲನ ನೇತೃತ್ವದಲ್ಲಿ ಸ್ವಾತಂತ್ರ್ಯಸಮರ ನಡೆಯುತ್ತಿದ್ದ ಅನಟೋಲಿಯಾಕ್ಕೆ ಹೋದರು. ಪಾಷಾನ ಮನೆಯಲ್ಲಿ ಬೆಳೆದ ತರುಣ ತನ್ನ ನಾಡಿನ ರೈತನನ್ನು, ಅವನ ಬಡತನವನ್ನು, ಮೊದಲ ಬಾರಿಗೆ ಕಣ್ಣಾರೆ ಕಂಡದ್ದು ಆ ಪ್ರಯಾಣದಲ್ಲಿ. ಬೋಲು ಎಂಬ ಊರಿನಲ್ಲಿ ಕೆಲವು ಕಾಲ ಉಪಾಧ್ಯಾಯನಾಗಿದ್ದು, ಅಲ್ಲಿಂದ ಗಡಿ ದಾಟಿ, ಬತೂಮಿ ಬಂದರಿನ ಮಾರ್ಗವಾಗಿ ಅವನು ಮಾಸ್ಕೋ ನಗರವನ್ನು ಸೇರಿದ.

ತುರ್ಕಿ ಕಾವ್ಯದ ದಿಕ್ಕು ಬದಲಾದ ಗಳಿಗೆ ಈ ಪ್ರಯಾಣದಲ್ಲಿಯೇ ಇದೆ. ಹಿಕ್ಮೆತ್ ಅದನ್ನು ತಾನೇ ವಿವರಿಸಿದ್ದಾನೆ. ಬತೂಮಿಯಲ್ಲಿ ರಷ್ಯನ್ ಪತ್ರಿಕೆಯೊಂದು ಅವನ ಕಣ್ಣಿಗೆ ಬಿತ್ತು. ಅದರಲ್ಲೊಂದು ಪದ್ಯ, ಸಾಲುಗಳು ಸಮನಾಗಿರದೆ, ಮೆಟ್ಟಿಲುಗಳಂತೆ ಒಂದರ ಕೆಳಗೆ ಒಂದು ಸರಿದು ಇಳಿಯುತ್ತಿದ್ದವು. ಅವನಿಗೆ ಆಗ ರಷ್ಯನ್ ಭಾಷೆ ಬಾರದು. ಪದ್ಯದ ಅರ್ಥ ತಿಳಿಯಲಿಲ್ಲ. ಆಕಾರ ಮಾತ್ರ ಮನಸ್ಸಿನಲ್ಲಿ ನಿಂತಿತು. ಮುಂದೆ ರೈಲಿನಲ್ಲಿ ಹೋಗುವಾಗ ರಷ್ಯದ ಭೀಕರವಾದ ಕ್ಷಾಮ ಅವನ ದೃಷ್ಟಿಗೆ ಬಿತ್ತು. ಮಾಸ್ಕೋ ಸೇರಿದ ಮೇಲೆ ಹಸಿದ ಜನರ ಆ ಕಣ್ಣುಗಳನ್ನು ಕುರಿತು ಬರೆಯಲು ಕುಳಿತ. ಅಕ್ಷರ ಎಣಿಸಿ ಬರೆಯತೊಡಗಿದಾಗ ಹೇಳಬೇಕಾದುದು ಸಾಲಿನೊಳಗೆ ಹಿಡಿಯದಾಯಿತು. ಸಾಲು ಮುಗಿಯುವಲ್ಲಿ ಮಾತು ಮುಗಿಯದು, ಮಾತು ಮುಗಿದಲ್ಲಿ ಸಾಲಿಗೆ ಇನ್ನೂ ಅಕ್ಷರಗಳು ಬೇಕು. ಆಗ ಬತೂಮಿಯಲ್ಲಿ ಕಂಡ ಆ ಮೆಟ್ಟಿಲುಗಳ ನೆನಪಾಯಿತು. ‘ಹಸಿದವರ ಕಣ್ಣಾಲಿಗಳು’ ಎಂಬ ಅರ್ಥದ ಹೆಸರಿನ ಆ ಕವಿತೆ 1922ರದು. ಅವನು ಮುಕ್ತಛಂದಸ್ಸಿನಲ್ಲಿ ಬರೆದ ಮೊದಲ ಕವಿತೆ ಅದೇ.

ಮೆಟ್ಟಿಲುಸಾಲಿನ ಕಾವ್ಯಕ್ಕೆ ಹೆಸರಾದವನು ರಷ್ಯದ ಮಯಕೋವ್‌ಸ್ಕಿ. ಹಿಕ್ಮೆತನನ್ನು ಅವನ ಶಿಷ್ಯನೆಂದು ಒಂದೇ ಮಾತಿನಲ್ಲಿ ತೀರ್ಮಾನಿಸಿಬಿಡುವ ವಿಮರ್ಶಕರಿದ್ದಾರೆ. ಈ ತೀರ್ಮಾನ ಅರ್ಧಸತ್ಯ. ಅರ್ಥ ತಿಳಿಯದ ಒಂದು ಪದ್ಯದಿಂದ ಆಕಾರದ ಸೂಚನೆಯನ್ನಲ್ಲದೆ ಬೇರೇನನ್ನೂ ಪಡೆಯಲು ಬರುವುದಿಲ್ಲ. ಆ ಆಕಾರದೊಳಗೆ ಅವನು ತುಂಬಿದ್ದು ತುರ್ಕಿ ಭಾಷೆಯ ಸ್ವಂತ ನಾದವನ್ನು. ತುರ್ಕಿಯೂ ಕನ್ನಡದಂತೆ ಪ್ರತ್ಯಯಗಳನ್ನು ಒಂದರ ಹಿಂದೆ ಒಂದು ಪೋಣಿಸುವ ಭಾಷೆ. ಮನೆಗೆ ಅಲ್ಲಿ ‘ಎವ್’ ಎಂದು ಹೆಸರು. ‘ನಮ್ಮ ಮನೆಗಳಿಂದ’ ಎನ್ನಬೇಕಾದರೆ ‘ಎವ್‌ಲೆರಿಮಿಜ್‌ದೆನ್’ ಎಂದು ಒಂದೇ ಪದದಲ್ಲಿ ಹೇಳಬಹುದು. ಪದದ ಮೊದಲ ಸ್ವರ ಯಾವ ಬಗೆಯದೋ ಪ್ರತ್ಯಯದ ಸ್ವರಗಳೂ ಅದಕ್ಕೆ ಹೊಂದಿಕೊಂಡು ಬರುವುದು ಆ ಭಾಷೆಯ ನಿಯಮ. ಹೀಗಾಗಿ ಪ್ರಾಸಾನುಪ್ರಾಸಗಳು ಅಲ್ಲಿ ಮಾತಿನಲ್ಲಿಯೇ ಹುದುಗಿರುತ್ತವೆ. ಹಿಕ್ಮೆತ್ ಪ್ರಾಸವನ್ನು ತೊರೆಯಲಿಲ್ಲ. ಅದನ್ನು ಸಾಲಿನ ಕೊನೆಯ ಗೂಟದಿಂದ ಬಿಡಿಸಿ ಪದ್ಯದ ಒಳಗೆಲ್ಲ ಓಡಾಡಲು ಬಿಟ್ಟ. ‘ಅಳುವ ವಿಲೋ ಮರ’ ಎಂಬ ಅವನ ಪ್ರಸಿದ್ಧ ಕವಿತೆಯಲ್ಲಿ ಗಾಯಗೊಂಡು ಬಿದ್ದ ಸವಾರನೊಬ್ಬನನ್ನು ಬಿಟ್ಟು ಸಂಗಡಿಗರ ಕುದುರೆಗಳು ಮುಂದಕ್ಕೆ ಧಾವಿಸುತ್ತವೆ. ಆ ಕುದುರೆಗಳು ದೂರವಾದಂತೆ ಸಾಲಿನಿಂದ ಸಾಲಿಗೆ ಪದಗಳು ಸವೆಯುತ್ತ ಬರುತ್ತವೆ; ಕೊನೆಗೆ ಗೊರಸಿನ ಸದ್ದಿನ ಒಂದು ತುಣುಕಷ್ಟೇ ಉಳಿಯುತ್ತದೆ. ಇದು ಭಾಷಾಂತರದಲ್ಲಿ ಉಳಿಯುವ ಸೊಗಸಲ್ಲ. ತುರ್ಕಿಯಲ್ಲಿ ಗಟ್ಟಿಯಾಗಿ ಓದಿದರೆ ಮಾತ್ರ ಅನುಭವಕ್ಕೆ ಬರುವಂಥದು.

‘ಗಟ್ಟಿಯಾಗಿ ಓದಿದರೆ’ ಎಂಬ ಮಾತನ್ನು ಇಲ್ಲಿ ಒತ್ತಿ ಹೇಳಬೇಕಾಗಿದೆ. ಹಿಕ್ಮೆತನ ಕಾವ್ಯ ಮೊದಲಿನಿಂದಲೂ ಕಿವಿಗಾಗಿ ಹುಟ್ಟಿದ ಕಾವ್ಯ. 1928ರ ನವೆಂಬರಿನಲ್ಲಿ ತುರ್ಕಿ ಗಣರಾಜ್ಯ ಅರಬ್ಬಿ ಲಿಪಿಯನ್ನು ಕೈಬಿಟ್ಟು ಲ್ಯಾಟಿನ್ ಲಿಪಿಯನ್ನು ಶಾಸನಮೂಲಕ ಜಾರಿಗೆ ತಂದಿತು. ಅದೇ ವರ್ಷ ಹಿಕ್ಮೆತ್ ರಷ್ಯದಿಂದ ಹಿಂದಿರುಗಿದ್ದ. ಮರುವರ್ಷ ಇಸ್ತಾನ್‌ಬುಲ್‌ನಲ್ಲಿ ಅವನ ‘835 ಸಾಲುಗಳು’ ಎಂಬ ಸಂಕಲನ ಪ್ರಕಟವಾಯಿತು. ಇಡೀ ನಾಡು ಹೊಸ ಅಕ್ಷರಗಳನ್ನು ತಿದ್ದುತ್ತಿದ್ದ ಕಾಲದಲ್ಲಿ ಹೊಸ ಅಕ್ಷರಗಳಲ್ಲಿ, ಹೊಸ ಲಯದಲ್ಲಿ, ಬೀದಿಯ ಮಾತಿಗೆ ಹತ್ತಿರವಾದ ಭಾಷೆಯಲ್ಲಿ ಬಂದ ಪುಸ್ತಕ ಅದು. ಕಾವ್ಯದಲ್ಲಿ ಯಂತ್ರದ ಸದ್ದು ಕೇಳಿಸಿತು, ಕಾರ್ಮಿಕ ಕಾಣಿಸಿಕೊಂಡ. 1930ರಲ್ಲಿ ಕೊಲಂಬಿಯಾ ಕಂಪೆನಿ ಅವನ ಎರಡು ಕವಿತೆಗಳನ್ನು, ಅವನದೇ ದನಿಯಲ್ಲಿ, ಗ್ರಾಮಫೋನ್ ತಟ್ಟೆಯ ಮೇಲೆ ಮುದ್ರಿಸಿತು. ಕಾಫಿ ಅಂಗಡಿಗಳಲ್ಲಿ ಜನ ಆ ತಟ್ಟೆಯನ್ನು ಹಾಕಿಸಿ ಕೇಳತೊಡಗಿದಾಗ ಪೊಲೀಸರು ಮಧ್ಯೆ ಪ್ರವೇಶಿಸಿದರು. ಓದು ಬರಹ ಬಾರದವನಿಗೂ ಮುಟ್ಟುವ ಕಾವ್ಯ ಇದೆಂಬುದನ್ನು ವಿಮರ್ಶಕರಿಗಿಂತ ಮೊದಲು ಅಧಿಕಾರಿಗಳೇ ಅರಿತುಕೊಂಡರೆನ್ನಬಹುದು.

ಮುಂದಿನ ಕೆಲವು ವರ್ಷಗಳಲ್ಲಿ ಅವನ ಲೇಖನಿ ಬಿಡುವಿಲ್ಲದೆ ದುಡಿಯಿತು. ‘ರೆಸಿಮ್ಲಿ ಆಯ್’ ಎಂಬ ಮಾಸಪತ್ರಿಕೆಯಲ್ಲಿ, ವಿಗ್ರಹಗಳನ್ನು ಒಡೆಯುತ್ತಿದ್ದೇವೆ ಎಂಬ ಘೋಷಣೆಯೊಡನೆ, ಹಿರಿಯ ಕವಿಗಳ ಕೀರ್ತಿಯನ್ನು ಅವನು ಪ್ರಶ್ನಿಸಿದ. ದೊಡ್ಡ ವಾಗ್ವಾದವೇ ನಡೆಯಿತು. 1932ರಲ್ಲಿ ಪ್ರಕಟವಾದ ‘ಬೆನೆರ್ಜಿ ಏಕೆ ಆತ್ಮಹತ್ಯೆ ಮಾಡಿಕೊಂಡ?’ ಎಂಬ ಕಥನಕಾವ್ಯ ಭಾರತೀಯರಾದ ನಮಗೆ ವಿಶೇಷ ಕುತೂಹಲದ್ದು. ಬೆನೆರ್ಜಿ ಎಂದರೆ ನಮ್ಮ ಬ್ಯಾನರ್ಜಿಯೇ. ಬ್ರಿಟಿಷರ ಆಳ್ವಿಕೆಗೆ ಎದುರಾಗಿ ನಿಂತ ಕಲ್ಕತ್ತೆಯ ಕ್ರಾಂತಿಕಾರಿಯೊಬ್ಬ ತುರ್ಕಿ ಕಾವ್ಯದ ನಾಯಕನಾದ. ಇಟಲಿಯ ಮುಸೊಲಿನಿ ಇಥಿಯೋಪಿಯದ ಮೇಲೆ ದಂಡೆತ್ತಿ ಹೋದ 1935ರಲ್ಲಿ, ರೋಮಿನಲ್ಲಿರುವ ಇಥಿಯೋಪಿಯದ ತರುಣನೊಬ್ಬ ಹೆಂಡತಿಗೆ ಬರೆದ ಪತ್ರಗಳ ರೂಪದಲ್ಲಿ ‘ತಾರಾಂತಾ ಬಾಬುವಿಗೆ ಪತ್ರಗಳು’ ಬಂದಿತು. ಪರಾಧೀನರಾದ ಜನ ಎಲ್ಲಿದ್ದರೂ ಅವರು ತನ್ನವರೆಂದು ತಿಳಿದ ಕವಿ ಇವನು.

ಆದರೆ ಈ ಕಾಲದ ಶ್ರೇಷ್ಠ ಕೃತಿ 1936ರಲ್ಲಿ ಹೊರಬಂದ ‘ಶೇಖ್ ಬೆದ್ರೆದ್ದೀನನ ಮಹಾಕಥನ’. ಹದಿನೈದನೆಯ ಶತಮಾನದ ಆರಂಭದಲ್ಲಿದ್ದ ಬೆದ್ರೆದ್ದೀನ್ ದೊಡ್ಡ ಧರ್ಮಪಂಡಿತ, ಅನುಭಾವಿ. ಭೂಮಿಯೂ ಅದರ ಫಲವೂ ಎಲ್ಲರಿಗೂ ಸಮನಾಗಿ ಸಲ್ಲಬೇಕೆಂದು ಅವನ ಅನುಯಾಯಿಗಳು ಬಂಡಾಯವೆದ್ದರು. ಮುಸಲ್ಮಾನ ರೈತರು, ಗ್ರೀಕ್ ನಾವಿಕರು, ಯಹೂದಿ ವ್ಯಾಪಾರಿಗಳು ಒಂದಾಗಿ ಹೋರಾಡಿ ಸೋತರು, ಬೆದ್ರೆದ್ದೀನನನ್ನು ಗಲ್ಲಿಗೇರಿಸಲಾಯಿತು. ಸೆರೆಮನೆಯಲ್ಲಿ ಈ ಬಂಡಾಯವನ್ನು ಕುರಿತು ಪಂಡಿತರೊಬ್ಬರ ಪುಸ್ತಕ ಓದುತ್ತ ಕುಳಿತ ಕವಿಯನ್ನು, ಬೆದ್ರೆದ್ದೀನನ ಶಿಷ್ಯನ ಆತ್ಮವೊಂದು ಬಂದು ಕಿಟಕಿಯಾಚೆಗೆ, ಐದು ಶತಮಾನಗಳ ಹಿಂದಕ್ಕೆ ಕರೆದೊಯ್ಯುತ್ತದೆ ಎಂಬುದು ಕಥನದ ಚೌಕಟ್ಟು. ತಾರುಣ್ಯದಲ್ಲಿ ವಿಗ್ರಹಭಂಜಕನಾಗಿದ್ದ ಹಿಕ್ಮೆತ್ ಇಲ್ಲಿ ಹಳೆಯ ಗದ್ಯದ ಗಾಂಭೀರ್ಯವನ್ನೂ, ದಿವಾನ್ ಕಾವ್ಯದ ನಾದವನ್ನೂ, ಜಾನಪದದ ಲಯವನ್ನೂ ಮುಕ್ತಛಂದಸ್ಸಿನೊಡನೆ ಕೂಡಿಸಿದ್ದಾನೆ. ಯಾವುದನ್ನು ಒಡೆದು ಹೊರಬಂದಿದ್ದನೋ ಅದರ ಸಾರವನ್ನು ಮತ್ತೆ ಒಳಗೆ ತಂದುಕೊಂಡದ್ದರಿಂದಲೇ ಈ ಕೃತಿಗೆ ಪ್ರೌಢಿಮೆ ಬಂದಿತು.

ಅದರ ಬೆಲೆಯೂ ದೊಡ್ಡದಾಯಿತು. 1938ರ ಜನವರಿಯಲ್ಲಿ ಹಿಕ್ಮೆತನ ಬಂಧನವಾಯಿತು. ಸೈನಿಕ ವಿದ್ಯಾಲಯದ ಹುಡುಗರು ಅವನ ಪುಸ್ತಕಗಳನ್ನು ಓದುತ್ತಿದ್ದರೆಂಬುದು ಕಾರಣ. ಸೈನ್ಯವನ್ನು ದಂಗೆಗೆ ಪ್ರೇರಿಸಿದನೆಂಬುದು ಆಪಾದನೆ. ಅಂಗಡಿಗಳಲ್ಲಿ ಬಹಿರಂಗವಾಗಿ ಮಾರಾಟವಾಗುತ್ತಿದ್ದ ಪುಸ್ತಕಗಳೇ ಅಪರಾಧದ ಸಾಕ್ಷ್ಯಗಳಾದವು. ಭೂಸೈನ್ಯದ ನ್ಯಾಯಾಲಯ ಒಂದು ಶಿಕ್ಷೆ ವಿಧಿಸಿತು. ನೌಕಾಪಡೆಯ ನ್ಯಾಯಾಲಯ ಹಡಗಿನ ಮೇಲೆಯೇ ವಿಚಾರಣೆ ನಡೆಸಿ ಮತ್ತೊಂದನ್ನು ವಿಧಿಸಿತು. ಎರಡೂ ಸೇರಿ ಕೊನೆಗೆ ನಿಂತದ್ದು 28 ವರ್ಷ 4 ತಿಂಗಳ ಸೆರೆವಾಸ. ಅವನಿಗೆ ಆಗ ಮೂವತ್ತಾರು ವರ್ಷ.

ಇಲ್ಲಿಂದ ಮುಂದೆ ಅಚ್ಚಿನ ಮನೆ ಅವನಿಗೆ ಮುಚ್ಚಿಹೋಯಿತು. ಆದರೆ ಅವನ ಪ್ರಭಾವದ ಇತಿಹಾಸದಲ್ಲಿ ಫಲವತ್ತಾದ ಅಧ್ಯಾಯ ಪ್ರಾರಂಭವಾಗುವುದೂ ಇಲ್ಲಿಂದಲೇ. ಬುರ್ಸಾ ನಗರದ ಸೆರೆಮನೆಗೆ 1940ರಲ್ಲಿ ಹಿಕ್ಮೆತ್ ಬಂದಾಗ ಅಲ್ಲಿ ತರುಣ ಕೈದಿಯೊಬ್ಬನಿದ್ದ. ಸೈನ್ಯದಲ್ಲಿದ್ದಾಗ ಗಾರ್ಕಿಯ ಮತ್ತು ಇದೇ ಹಿಕ್ಮೆತನ ಬರಹಗಳನ್ನು ಓದಿದ್ದೂ ಅವನ ಮೇಲಿನ ಆಪಾದನೆಗಳಲ್ಲಿ ಸೇರಿತ್ತು. ಅವನಿಗೆ ಐದು ವರ್ಷದ ಶಿಕ್ಷೆಯಾಗಿತ್ತು. ಯಾವ ಕವಿಯನ್ನು ಓದಿದ್ದಕ್ಕಾಗಿ ಸೆರೆ ಸೇರಿದನೋ ಆ ಕವಿಯೇ ಬಂದು ಅವನ ಕೋಣೆಯ ಸಂಗಾತಿಯಾದ. ತರುಣ ತಾನು ಬರೆದ ಪದ್ಯಗಳನ್ನು ಸಡಗರದಿಂದ ಓದಿದ. ಹಿಕ್ಮೆತ್ ಒಂದನ್ನೂ ಪೂರ್ತಿಯಾಗಿ ಕೇಳಲಿಲ್ಲ, ಸಾಕು, ಮುಂದಿನದು ಎಂದು ತಡೆದ. ಪದ್ಯಗಳು ಚೆನ್ನಾಗಿಲ್ಲವೆಂದು ಮುಚ್ಚುಮರೆಯಿಲ್ಲದೆ ಹೇಳಿದ. ಆದರೆ ಅವನಿಗೆ ಫ್ರೆಂಚ್ ಭಾಷೆಯನ್ನೂ ತತ್ತ್ವಶಾಸ್ತ್ರವನ್ನೂ ಕಲಿಸತೊಡಗಿದ. ಅವನ ಗದ್ಯದ ಕರಡೊಂದನ್ನು ನೋಡಿ, ನೀನು ಬರೆಯಬೇಕಾದುದು ಇದನ್ನು ಎಂದು ದಾರಿ ತೋರಿಸಿದ. ಆ ತರುಣನೇ ಮುಂದೆ ಒರ್ಹಾನ್ ಕೆಮಾಲ್ ಎಂಬ ಹೆಸರಿನಿಂದ ಚುಕುರೋವಾ ಬಯಲಿನ ಹತ್ತಿಯ ಕೂಲಿಗಳ ಬದುಕನ್ನು ಬರೆದು ತುರ್ಕಿಯ ಶ್ರೇಷ್ಠ ಕಾದಂಬರಿಕಾರರಲ್ಲಿ ಒಬ್ಬನಾದ. ಜೊತೆಗೆ ಕಳೆದ ಮೂರೂವರೆ ವರ್ಷಗಳನ್ನು ಕುರಿತು ಅವನು ಬರೆದ ನೆನಪಿನ ಪುಸ್ತಕದಿಂದಲೇ ನಮಗೆ ಈ ಸಂಗತಿಗಳು ತಿಳಿದಿವೆ.

ಅದೇ ಸೆರೆಮನೆಯಲ್ಲಿ ಬಾಲಬಾನ್ ಎಂಬ ಹಳ್ಳಿಯ ಯುವಕನೊಬ್ಬನಿದ್ದ. ಅವನ ಕೈಯಲ್ಲಿ ಚಿತ್ರ ಬರೆಯುವ ಕೌಶಲವಿರುವುದನ್ನು ಕಂಡು ಹಿಕ್ಮೆತ್ ಬಣ್ಣ ಕುಂಚಗಳನ್ನು ಒದಗಿಸಿ ಅವನನ್ನು ತಿದ್ದಿದ. ಆತ ನಾಡಿನ ಹೆಸರಾಂತ ಚಿತ್ರಕಾರನಾದ. ಚಾನ್ಕಿರಿಯ ಸೆರೆಮನೆಯಲ್ಲಿ ಜೊತೆಗಿದ್ದು ಬಳಿಕ ಅಗಲಿದ ಕೆಮಾಲ್ ತಾಹಿರನಿಗೆ ಅವನು ವರ್ಷಗಟ್ಟಲೆ ಪತ್ರ ಬರೆದ. ಕಾದಂಬರಿಯ ಶಿಲ್ಪ, ಸಂಭಾಷಣೆಯ ಭಾಷೆ, ವಾಸ್ತವತೆಯ ಅರ್ಥ ಇವುಗಳನ್ನು ಕುರಿತ ಆ ಪತ್ರಗಳು 1968ರಲ್ಲಿ ಪ್ರಕಟವಾದಾಗ ಸಾಹಿತ್ಯಮೀಮಾಂಸೆಯ ಒಂದು ಗ್ರಂಥದಂತೆಯೇ ಓದುಗರಿಗೆ ಕಂಡವು. ಕೆಮಾಲ್ ತಾಹಿರನೂ ಮುಂದೆ ದೊಡ್ಡ ಕಾದಂಬರಿಕಾರನೆನಿಸಿದ. ಇಬ್ಬರು ಕಾದಂಬರಿಕಾರರು, ಒಬ್ಬ ಚಿತ್ರಕಾರ! ತನ್ನ ಒಂದು ಸಾಲನ್ನೂ ಅಚ್ಚು ಮಾಡಿಸಲಾಗದ ಕೈದಿಯೊಬ್ಬ ಬೇರೆ ಬೇರೆ ಕಲೆಗಳಲ್ಲಿ ಇಷ್ಟು ಜನರನ್ನು ರೂಪಿಸಿದ. ಅವರಲ್ಲಿ ಯಾರನ್ನೂ ಅವನು ತನ್ನ ಪಡಿಯಚ್ಚಾಗಿ ಮಾಡಲಿಲ್ಲವೆಂಬುದು ಇನ್ನೂ ಮುಖ್ಯವಾದ ಮಾತು.

ಸೆರೆಮನೆಯಲ್ಲಿ ಮಗ್ಗದಲ್ಲಿ ಬಟ್ಟೆ ನೇಯ್ದು ಅವನು ನಾಲ್ಕು ಕಾಸು ಸಂಪಾದಿಸುತ್ತಿದ್ದ, ಟಾಲ್‌ಸ್ಟಾಯಿಯ ‘ಯುದ್ಧ ಮತ್ತು ಶಾಂತಿ’ಯ ಅನುವಾದದಲ್ಲಿಯೂ ತೊಡಗಿದ್ದ, ಅದು ಅವನ ಹೆಸರಿಲ್ಲದೆ ಹೊರಬಂದಿತು. ಹೆಂಡತಿ ಪಿರಾಯೆಗೆ ರಾತ್ರಿ ಒಂಬತ್ತು ಹತ್ತು ಗಂಟೆಯ ನಡುವಿನ ಹೊತ್ತನ್ನು ಮೀಸಲಿಟ್ಟು 1945ರಲ್ಲಿ ಬರೆದ ಪುಟ್ಟ ಪದ್ಯಗಳು ತುರ್ಕಿ ಭಾಷೆಯ ಅತ್ಯುತ್ತಮ ಪ್ರೇಮಗೀತೆಗಳಲ್ಲಿ ಸೇರಿವೆ. ಮೊದಲಿನ ಆರ್ಭಟ ಇವುಗಳಲ್ಲಿಲ್ಲ. ದನಿ ತಗ್ಗಿದೆ, ಮಾತು ಮನೆಯೊಳಗಿನ ಮಾತಾಗಿದೆ. ಆದರೆ ಈ ವರ್ಷಗಳ ಮಹಾಸಾಧನೆ ‘ನನ್ನ ನಾಡಿನ ಮಾನವ ದೃಶ್ಯಗಳು’ ಎಂಬ ಬೃಹತ್ಕಾವ್ಯ.

ಈ ಕಾವ್ಯ ಮೊದಲಾದದ್ದು ಒಂದು ವಿನೋದದ ಯೋಜನೆಯಾಗಿ. ‘ಪ್ರಖ್ಯಾತ ವ್ಯಕ್ತಿಗಳ ವಿಶ್ವಕೋಶ’ ಎಂದು ಹೆಸರಿಟ್ಟು, ಅದರಲ್ಲಿ ಯಾವ ಚರಿತ್ರೆಯಲ್ಲಿಯೂ ಹೆಸರು ಕಾಣದ ಕೂಲಿ, ರೈತ, ಕುಶಲಕರ್ಮಿಗಳ ಜೀವನಗಳನ್ನೇ ಬರೆಯಬೇಕೆಂದು ಅವನು ಯೋಚಿಸಿದ್ದ. ಅದು ಬೆಳೆದು ಮಹಾಕಾವ್ಯದ ವಿಸ್ತಾರಕ್ಕೆ ಬಂದಿತು. ಕಥೆ 1941ರಲ್ಲಿ ಇಸ್ತಾನ್‌ಬುಲ್‌ನ ಹೈದರ್‌ಪಾಷಾ ರೈಲು ನಿಲ್ದಾಣದ ಮೆಟ್ಟಿಲುಗಳ ಮೇಲೆ ತೊಡಗುತ್ತದೆ. ಮೂರನೆಯ ದರ್ಜೆಯ ಡಬ್ಬಿಗಳಲ್ಲಿ ಕೈದಿಗಳು, ಅವರ ಕಾವಲುಗಾರರು, ರೈತರು, ಕೆಲಸ ಹುಡುಕಿ ಹೊರಟವರು. ಬಳಿಕ ಹೊರಡುವ ಬೇರೊಂದು ವೇಗದ ರೈಲಿನಲ್ಲಿ ವ್ಯಾಪಾರಿಗಳು, ರಾಜಕಾರಣಿಗಳು. ರೈಲು ಅನಟೋಲಿಯಾದ ಬಯಲಿನಲ್ಲಿ ಸಾಗಿದಂತೆ ಒಬ್ಬೊಬ್ಬರ ಬದುಕೂ ಚಲನಚಿತ್ರದ ಚೂರುಗಳಂತೆ ಬಂದು ಹೋಗುತ್ತದೆ. ನಡುವೆ ಸ್ವಾತಂತ್ರ್ಯಸಮರದ ಕಥೆ, ಹಿಟ್ಲರನ ಸೈನ್ಯ ಮಾಸ್ಕೋ ಬಾಗಿಲಿಗೆ ಬಂದ ಕಥೆ, ಸೆರೆಮನೆಯ, ಆಸ್ಪತ್ರೆಯ ಕಥೆಗಳು ಸೇರಿಕೊಳ್ಳುತ್ತವೆ. ಉಳಿದು ಬಂದಿರುವುದು ಸುಮಾರು 17,000 ಸಾಲುಗಳು. ಪದ್ಯ ಎಲ್ಲಿ ಮುಗಿದು ಗದ್ಯ ಎಲ್ಲಿ ಪ್ರಾರಂಭವಾಗುವುದೋ ಹೇಳಲಾಗದಷ್ಟು ಸಹಜವಾದ ಸಾಲುಗಳು. ಬರೆದ ಭಾಗಗಳನ್ನು ಹಿಕ್ಮೆತ್ ಜೊತೆಯ ಕೈದಿಗಳಿಗೆ ಓದಿ ಹೇಳುತ್ತಿದ್ದ. ಯಾರ ಬದುಕು ಕಾವ್ಯದ ವಸ್ತುವೋ ಅವರೇ ಅದರ ಮೊದಲ ಶ್ರೋತೃಗಳು, ಮೊದಲ ವಿಮರ್ಶಕರು. ಹಾಳೆಗಳು ಬಂಧುಮಿತ್ರರ ಕೈಸೇರಿ ಹೊರಗೆ ಹೋದವು. ಕೆಲವು ಕಳೆದೂ ಹೋದವು. ಪಿರಾಯೆಯ ಮಗ, ವಿಮರ್ಶಕ ಮೆಮೆತ್ ಫುಆತ್, 1966 ಮತ್ತು 67ರಲ್ಲಿ ಐದು ಸಂಪುಟಗಳಾಗಿ ಇದನ್ನು ಪ್ರಕಟಿಸಿದಾಗ ಕವಿ ತೀರಿಕೊಂಡು ಮೂರು ವರ್ಷಗಳಾಗಿದ್ದವು.

ಹೊರಗಿನ ಲೋಕದಲ್ಲಿ ಈ ವರ್ಷಗಳಲ್ಲಿ ಅವನ ಪದ್ಯಗಳು ಕೈಬರಹದ ಪ್ರತಿಗಳಾಗಿ ಸಂಚರಿಸಿದವು. ಇದಕ್ಕೊಂದು ನಿದರ್ಶನ ಸಾಕು. 1941ರಲ್ಲಿ ಇಜ್ಮಿರ್ ನಗರದಲ್ಲಿ ಹದಿನಾರು ವರ್ಷದ ವಿದ್ಯಾರ್ಥಿಯೊಬ್ಬ ತಾನು ಮೆಚ್ಚಿದ ಹುಡುಗಿಗೆ ಬರೆದ ಪತ್ರದಲ್ಲಿ ಹಿಕ್ಮೆತನ ಪದ್ಯವೊಂದನ್ನು ನಕಲು ಮಾಡಿದ್ದ. ಪತ್ರ ಸಿಕ್ಕಿಬಿತ್ತು. ಹುಡುಗ ಸೆರೆಮನೆ ಸೇರಿದ, ಶಾಲೆಯಿಂದ ಹೊರದೂಡಲ್ಪಟ್ಟ, ಮುಂದೆ ನ್ಯಾಯಾಲಯದ ತೀರ್ಪಿನಿಂದಲೇ ಓದುವ ಹಕ್ಕನ್ನು ಮರಳಿ ಪಡೆದ. ಅವನೇ ಅತ್ತಿಲಾ ಇಲ್ಹಾನ್, ನಂತರದ ಪೀಳಿಗೆಯ ಜನಪ್ರಿಯ ಕವಿ. ಒಂದು ಪದ್ಯವನ್ನು ಪ್ರತಿಮಾಡಿಕೊಂಡದ್ದಕ್ಕೆ ಇಷ್ಟು ತೆರಬೇಕಾಗಿ ಬಂದ ಓದುಗ ಅದನ್ನು ಮರೆಯುವುದುಂಟೇ? ಪುಸ್ತಕವಾಗಿ ಕಪಾಟಿನಲ್ಲಿ ಕುಳಿತಿದ್ದರೆ ಬಹುಶಃ ಇಷ್ಟು ಆಳಕ್ಕೆ ಇಳಿಯುತ್ತಿರಲಿಲ್ಲ.

ಪ್ರಭಾವವೆಂಬುದು ಅನುಕರಣೆಯ ರೂಪದಲ್ಲಿಯೇ ಬರಬೇಕೆಂಬ ನಿಯಮವಿಲ್ಲ. ಹಿಕ್ಮೆತ್ ಸೆರೆಯಲ್ಲಿದ್ದ 1941ರಲ್ಲಿ ಒರ್ಹಾನ್ ವೆಲಿ, ಒಕ್ತಾಯ್ ರಿಫಾತ್, ಮೆಲಿಹ್ ಜೆವ್ದೆತ್ ಎಂಬ ಮೂವರು ಗೆಳೆಯರು ಸೇರಿ ‘ಗರೀಪ್’ ಎಂಬ ಸಂಕಲನ ಹೊರಡಿಸಿದರು. ವಿಚಿತ್ರ ಎಂದು ಆ ಪದದ ಅರ್ಥ. ಛಂದಸ್ಸು, ಪ್ರಾಸ, ಅಲಂಕಾರ ಎಲ್ಲವನ್ನೂ ಬಿಟ್ಟು, ಸಾಮಾನ್ಯ ಮನುಷ್ಯನ ಸಣ್ಣ ಸಂತೋಷಗಳನ್ನು ಸಣ್ಣ ದನಿಯಲ್ಲಿ ಹೇಳುವುದು ಅವರ ಮಾರ್ಗ. ಹಿಕ್ಮೆತನ ವೇದಿಕೆಯ ದನಿಗೆ ಇದು ತೀರ ವಿರುದ್ಧ. ಆದರೂ ಬಾಗಿಲನ್ನು ಮೊದಲು ತೆರೆದವನು ಅವನು. ಅವರು ಆ ಬಾಗಿಲಿನಿಂದ ಹೊರಬಂದು ಇನ್ನೊಂದು ಬೀದಿ ಹಿಡಿದರು. ಐವತ್ತರ ದಶಕದಲ್ಲಿ ಜೆಮಾಲ್ ಸುರೇಯಾ, ತುರ್ಗುತ್ ಉಯಾರ್, ಎದಿಪ್ ಜಾನ್ಸೆವೆರ್ ಮೊದಲಾದವರ ‘ಎರಡನೆಯ ಹೊಸತು’ ಎಂಬ ಪಂಥ ಭಾಷೆಯನ್ನು ತಿರುಚಿ, ಪ್ರತಿಮೆಗಳನ್ನು ಜಟಿಲಗೊಳಿಸಿ ಮತ್ತೊಂದು ದಿಕ್ಕಿಗೆ ಹೊರಳಿತು. ಎ. ಕಾದಿರ್, ಅಹ್ಮೆದ್ ಆರಿಫ್ ಮೊದಲಾದವರು ಅವನ ದಾರಿಯಲ್ಲಿಯೇ ಮುಂದುವರಿದರು. ಇವರಲ್ಲಿ ಕಾದಿರ್ 1938ರ ಮೊಕದ್ದಮೆಯಲ್ಲಿ ಅವನೊಡನೆಯೇ ಶಿಕ್ಷೆಗೊಳಗಾದ ಸೈನಿಕ ವಿದ್ಯಾರ್ಥಿ. ಹೀಗೆ ಒಪ್ಪಿದವರೂ ಒಪ್ಪದವರೂ ಅವನಿಂದ ಎಷ್ಟು ದೂರದಲ್ಲಿದ್ದಾರೆ ಎಂಬುದರಿಂದಲೇ ತಮ್ಮ ಸ್ಥಾನವನ್ನು ಗುರುತಿಸಿಕೊಳ್ಳಬೇಕಾಯಿತು.

1949ರಲ್ಲಿ ಪ್ಯಾರಿಸ್ಸಿನ ಲೇಖಕರು ಕಲಾವಿದರು ಅವನ ಬಿಡುಗಡೆಗಾಗಿ ಚಳವಳಿ ಹೂಡಿದರು. 1950ರ ವಸಂತದಲ್ಲಿ, ಹೃದ್ರೋಗದಿಂದ ನರಳುತ್ತಿದ್ದ ಕವಿ ಉಪವಾಸ ಕೈಗೊಂಡ. ಆಗ ಅವನ ಬೆಂಬಲಕ್ಕಾಗಿ ಮೂರು ದಿನ ಉಪವಾಸ ಕುಳಿತವರು ಯಾರೆಂದರೆ, ಕಾವ್ಯದಲ್ಲಿ ಅವನಿಗೆ ವಿರುದ್ಧ ದಾರಿ ಹಿಡಿದಿದ್ದ ಒರ್ಹಾನ್ ವೆಲಿ ಮತ್ತು ಅವನ ಇಬ್ಬರು ಗೆಳೆಯರು. ಅದೇ ವರ್ಷ ಸರ್ಕಾರ ಬದಲಾಗಿ, ಜುಲೈ ತಿಂಗಳಿನಲ್ಲಿ ಕ್ಷಮಾದಾನದ ಶಾಸನದ ಮೂಲಕ ಹಿಕ್ಮೆತ್ ಹೊರಬಂದ. ಆದರೆ ಆ ಬಿಡುಗಡೆಯೂ ಬಹುಕಾಲ ಉಳಿಯಲಿಲ್ಲ. ಐವತ್ತನ್ನು ಸಮೀಪಿಸುತ್ತಿದ್ದ ರೋಗಿಷ್ಠನನ್ನು ಕಡ್ಡಾಯ ಸೈನ್ಯಸೇವೆಗೆ ಕರೆದಾಗ, ಅದರ ಅರ್ಥವನ್ನು ಗ್ರಹಿಸಿ, 1951ರ ಜೂನಿನಲ್ಲಿ ಅವನು ಪುಟ್ಟ ದೋಣಿಯೊಂದರಲ್ಲಿ ಕಪ್ಪು ಸಮುದ್ರಕ್ಕೆ ಹೊರಟು, ರುಮೇನಿಯದ ಹಡಗೊಂದನ್ನು ಹತ್ತಿ ನಾಡನ್ನು ತೊರೆದ. ಹೆಂಡತಿಯೂ ಮೂರು ತಿಂಗಳ ಕೂಸೂ ಹಿಂದೆ ಉಳಿದರು. ಮರುತಿಂಗಳೇ ಸರ್ಕಾರ ಅವನ ಪೌರತ್ವವನ್ನು ರದ್ದುಪಡಿಸಿತು.

ಉಳಿದ ಹನ್ನೆರಡು ವರ್ಷಗಳು ಪರದೇಶದಲ್ಲಿ ಕಳೆದವು. ಇಲ್ಲಿ ಒಂದು ಮಾತನ್ನು ಮರೆಮಾಚದೆ ಹೇಳಬೇಕು. ಹಿಕ್ಮೆತ್ ಕೊನೆಯವರೆಗೂ ಕಮ್ಯುನಿಸ್ಟನಾಗಿದ್ದ. ಅವನ ರಚನೆಗಳಲ್ಲಿ ಪಕ್ಷದ ಘೋಷಣೆಯ ಮಟ್ಟದಲ್ಲೇ ನಿಂತುಬಿಟ್ಟವು ಹಲವಿವೆ. ಕಾಲ ಅವುಗಳನ್ನು ಜರಡಿ ಹಿಡಿದಿದೆ. ಆದರೆ ತನ್ನ ಕಣ್ಣಿಗೆ ಕಂಡುದನ್ನು ಆಶ್ರಯ ನೀಡಿದವರ ಮನೆಯಲ್ಲಿಯೂ ಅವನು ಹೇಳದೆ ಬಿಡಲಿಲ್ಲ. ಅಧಿಕಾರಿವರ್ಗದ ದರ್ಪವನ್ನೂ ವ್ಯಕ್ತಿಪೂಜೆಯನ್ನೂ ಹಾಸ್ಯಕ್ಕೀಡುಮಾಡಿದ ಅವನ ನಾಟಕವೊಂದನ್ನು ಮಾಸ್ಕೋದ ರಂಗಭೂಮಿಯಿಂದ ಬೇಗನೆ ತೆಗೆದುಹಾಕಲಾಯಿತು. ಕಡೆಯ ವರ್ಷಗಳ ಕವಿತೆಗಳಲ್ಲಿ ರೈಲುಗಳು, ಹೋಟೆಲ್ ಕೋಣೆಗಳು, ಹಿಮ ಬೀಳುವ ಊರುಗಳು ತುಂಬಿವೆ. 1962ರ ಒಂದು ಕವಿತೆಯಲ್ಲಿ, ಪ್ರಾಗ್‌ನಿಂದ ಬರ್ಲಿನ್ನಿಗೆ ಹೋಗುವ ರೈಲಿನ ಕಿಟಕಿಯ ಬಳಿ ಕುಳಿತು, ತಾನು ಇಷ್ಟು ಕಾಲ ಪ್ರೀತಿಸುತ್ತಿದ್ದೆನೆಂದು ತನಗೇ ತಿಳಿಯದಿದ್ದ ವಸ್ತುಗಳನ್ನು, ಭೂಮಿಯನ್ನು, ನದಿಗಳನ್ನು, ರಸ್ತೆಗಳನ್ನು, ಒಂದೊಂದಾಗಿ ನೆನೆಯುತ್ತಾನೆ. ದೀರ್ಘವಾದ ಉಸಿರಿನ, ಅವಸರವಿಲ್ಲದ ಸಾಲುಗಳು ಇವು. 1963ರ ಜೂನ್ 3ರಂದು ಮಾಸ್ಕೋದಲ್ಲಿ ಅವನು ತೀರಿಕೊಂಡ.

ಭಾಷೆಯ ಗಡಿಗಳನ್ನು ಮೀರಿ ಅವನು ತಲುಪಿದ ಕಡೆಗಳನ್ನು ಸಂಕ್ಷೇಪವಾಗಿ ಹೇಳಬಹುದು. ಹಿರೋಷಿಮಾದಲ್ಲಿ ಸುಟ್ಟುಹೋದ ಏಳು ವರ್ಷದ ಹುಡುಗಿಯೊಬ್ಬಳು ಮನೆಮನೆಯ ಬಾಗಿಲು ತಟ್ಟುವ ಕವಿತೆಯನ್ನು ಅಮೆರಿಕದ ಪೀಟ್ ಸೀಗರ್ ಹಾಡಿದ. ತುರ್ಕರಿಗೂ ಗ್ರೀಕರಿಗೂ ಇರುವ ವೈರ ಜಗದ್ವಿಖ್ಯಾತ. ಹಿಕ್ಮೆತನನ್ನು ಗ್ರೀಕ್ ಭಾಷೆಗೆ ತಂದವನು ಗ್ರೀಸಿನ ಹಿರಿಯ ಕವಿ ಯಾನಿಸ್ ರಿಟ್ಸೋಸ್. ತಾನೂ ಸೆರೆವಾಸ ಅನುಭವಿಸಿದ ಫೈಜ್ ಅಹಮದ್ ಫೈಜ್ ಅವನ ಕೆಲವು ಕವಿತೆಗಳನ್ನು ಉರ್ದುವಿಗೆ ತಂದರು. ಬಂಗಾಳಿಯಲ್ಲಿ ಸುಭಾಷ್ ಮುಖ್ಯೋಪಾಧ್ಯಾಯರ ಅನುವಾದ 1952ರಷ್ಟು ಹಿಂದೆಯೇ ಪ್ರಕಟವಾಯಿತು. ಕಲ್ಕತ್ತೆಯ ಕ್ರಾಂತಿಕಾರಿಯನ್ನು ಕುರಿತು ತುರ್ಕಿಯಲ್ಲಿ ಕಾವ್ಯ ಹುಟ್ಟಿದ ಇಪ್ಪತ್ತು ವರ್ಷಗಳಿಗೆ ಆ ಕವಿ ಕಲ್ಕತ್ತೆಯ ಓದುಗನ ಕೈಗೆ ಅವನದೇ ಭಾಷೆಯಲ್ಲಿ ಬಂದ. ಋಣ ತೀರಿದಂತಾಯಿತು.

ತುರ್ಕಿಯಲ್ಲಿ 1965ರ ಸುಮಾರಿಗೆ ಅವನ ಪುಸ್ತಕಗಳು ಮತ್ತೆ ಅಚ್ಚಾಗತೊಡಗಿದವು. ರದ್ದಾದ ಪೌರತ್ವವನ್ನು ಸರ್ಕಾರ ಮರಳಿ ಕೊಟ್ಟದ್ದು ಐವತ್ತೆಂಟು ವರ್ಷಗಳ ತರುವಾಯ, 2009ರ ಜನವರಿಯಲ್ಲಿ. ತನ್ನನ್ನು ಅನಟೋಲಿಯಾದ ಯಾವುದಾದರೊಂದು ಹಳ್ಳಿಯ ಸ್ಮಶಾನದಲ್ಲಿ ಹುಗಿಯಬೇಕೆಂಬ, ಸಾಧ್ಯವಾದರೆ ತಲೆಯ ಬಳಿ ಒಂದು ಚಿನಾರ್ ಮರವಿರಲೆಂಬ ಆಸೆಯನ್ನು ಅವನು ಕವಿತೆಯೊಂದರಲ್ಲಿ ಹೇಳಿಕೊಂಡಿದ್ದ. ಅದು ಇನ್ನೂ ಕೈಗೂಡಿಲ್ಲ. ಅವನ ಸಮಾಧಿ ಮಾಸ್ಕೋದಲ್ಲಿಯೇ ಇದೆ.

ಅಚ್ಚಿಲ್ಲದೆ ಒಂದು ಕಾವ್ಯ ಬೇರು ಬಿಟ್ಟುದು ಹೇಗೆ ಎಂದು ಆರಂಭದಲ್ಲಿ ಕೇಳಿದೆವು. ಅದಕ್ಕೆ ಉತ್ತರ ಅವನ ಸಾಲಿನ ಸ್ವರೂಪದಲ್ಲಿಯೇ ಇದೆಯೆಂದು ತೋರುತ್ತದೆ. ಮಾತಿನ ಉಸಿರನ್ನೇ ಅಳತೆಯಾಗಿ ಇಟ್ಟುಕೊಂಡ ಸಾಲು ಬಾಯಿಂದ ಬಾಯಿಗೆ ಸುಲಭವಾಗಿ ದಾಟುತ್ತದೆ, ಪತ್ರದಲ್ಲಿ ಅಡಗುತ್ತದೆ, ಸೆರೆಮನೆಯ ಕೋಣೆಯಲ್ಲಿ ಹತ್ತು ಜನ ಕೇಳುವಷ್ಟು ದನಿಯಲ್ಲಿ ಓದಿಸಿಕೊಳ್ಳುತ್ತದೆ. ಕಾಗದವನ್ನು ಮುಟ್ಟುಗೋಲು ಹಾಕಿಕೊಳ್ಳಬಹುದು, ಗ್ರಾಮಫೋನ್ ತಟ್ಟೆಯನ್ನು ತಡೆಯಬಹುದು. ಒಂದು ಭಾಷೆಯನ್ನಾಡುವ ಜನರ ಕಿವಿ ಒಮ್ಮೆ ಹೊಸ ಲಯಕ್ಕೆ ತೆರೆದ ಮೇಲೆ ಅದನ್ನು ಮತ್ತೆ ಮುಚ್ಚಲು ಯಾವ ಶಾಸನಕ್ಕೂ ಆಗುವುದಿಲ್ಲ.